ತಿರುವಿ ಹಾಕಿದ ಪದಕ

ಅತ್ಲೋನ್ ಎಂಬ ಐರಿಷ್ ಊರಿನ ವೃದ್ಧಾಶ್ರಮವೊಂದರಲ್ಲಿ ನಾನು ಮ್ಯಾಟ್ರನ್. ಸಮವಸ್ತ್ರದ ಮೇಲೆ ಲೋಹದ ವಸ್ತು ಇರಕೂಡದು. ಅದು ವಯಸ್ಸಾದವರ ಚರ್ಮವನ್ನು ಗೀರುತ್ತದೆ. ಒಂದು ಬೆಳಿಗ್ಗೆ ಫಿಲಿಪೀನ್ಸ್‌ನ ನರ್ಸ್ ಲಿಗಾಯಾ ಎದೆಯ ಮೇಲೆ ಪದಕ ಧರಿಸಿ ಬಂದಳು, ಅದೂ ಹಿಂದುಮುಂದಾಗಿ.

"ತೆಗೆ. ಹಾಕುವುದಾದರೂ ನೆಟ್ಟಗೆ ಹಾಕಬಾರದೇ?" ಎಂದೆ.

"ಅಪ್ಪ ಹೀಗೇ ಹಾಕುತ್ತಿದ್ದರು, ಮೇಡಂ. ಅವರು ಮೇಷ್ಟ್ರು. ಸರ್ವಾಧಿಕಾರಿಯ ಕಾಲದಲ್ಲಿ ಕೊಟ್ಟ ಪದಕ, ಅವನದೇ ಮುಖ ಇದೆ. ನಮ್ಮ ಚಿಕ್ಕಪ್ಪನನ್ನು ಜೈಲಿಗೆ ಹಾಕಿದವನೂ ಅವನೇ. ಧರಿಸದಿದ್ದರೆ ಕೆಲಸ ಹೋಗುತ್ತಿತ್ತು."

"ತಿರುವಿ ಹಾಕಿದ್ದನ್ನು ಯಾರೂ ಕೇಳಲಿಲ್ಲವೇ?"

"ಶಾಲಾ ಇನ್‌ಸ್ಪೆಕ್ಟರ್ ಕೇಳಿದರಂತೆ. 'ಅಧ್ಯಕ್ಷರ ಮುಖ ನನ್ನ ಎದೆಗೇ ತಾಗಿರಲಿ ಅಂತ, ಸಾರ್' ಅಂದರಂತೆ ಅಪ್ಪ." ಅವಳ ನಗು ಅರ್ಧಕ್ಕೇ ನಿಂತಿತು. "ಇವತ್ತು ಮನಿಲಾದಲ್ಲಿ ಅಪ್ಪನ ಮಣ್ಣು. ನನಗೆ ಹೋಗಲಾಗಲಿಲ್ಲ. ಊರು ಬಿಡುವಾಗ ಅವರು ಕೊಟ್ಟದ್ದು, ಸಂಜೆವರೆಗೆ ಇದೊಂದು ಇರಲಿ, ಮೇಡಂ."

ನಿಯಮ ಮುರಿಯುವವಳು ನಾನಲ್ಲ. ಹಾಸಿಗೆಗಳಿಂದ ದೂರ, ನನ್ನ ಕೋಣೆಯಲ್ಲಿ ಫೋನ್ ನೋಡಿಕೊಳ್ಳಲು ಅವಳನ್ನು ಕೂರಿಸಿದೆ. ಅವಳ ಪಾಳಿಯ ಕೆಲಸವನ್ನೆಲ್ಲ ನಾನೇ ಮಾಡಿದೆ. ನಾನು ಓದಿದ ಕಾನ್ವೆಂಟಿನ ಸಿಸ್ಟರುಗಳು ಕಲಿಸಿದಂತೆ ಹೊದಿಕೆಯ ಮೂಲೆಗಳನ್ನು ಗೆರೆ ಕೊರೆದ ಹಾಗೆ ಮಡಿಸಿದೆ. ಕಿಟಕಿಯ ಪಕ್ಕದ ಹಾಸಿಗೆಯ ಅಜ್ಜಿ ಎಲ್ಲವನ್ನೂ ನೋಡಿ, ಬಿಗಿದ ಹೊದಿಕೆಯೊಳಗೆ ಕಾಲು ಆಡಿಸಲು ಹೆಣಗಿ, ಕೊನೆಗೆ ಮೆಲ್ಲಗೆ ಕೇಳಿದರು: "ಲಿಗಾಯಾ ನಾಳೆ ಬರುತ್ತಾಳೆ ತಾನೇ?"