ಆರ್ಥರ್ ಸಾಹೇಬರ ಫ್ರೆಂಚ್ ದನಿ

ಮಂಗಳೂರಿನಿಂದ ಬಹರೈನಿಗೆ ವಿಮಾನದಲ್ಲಿ ಸುಮಾರು ನಾಲ್ಕು ಗಂಟೆ. ಹೊರಗೆ ಕಾಲಿಟ್ಟೊಡನೆ ಬಿಸಿಗಾಳಿ ಕನ್ನಡಕಕ್ಕೆ ಆವಿ ಹಿಡಿಸಿದ್ದರಿಂದ ದ್ವೀಪದ ಪ್ರಥಮ ದರ್ಶನಭಾಗ್ಯ ನನಗೆ ಒದಗಲಿಲ್ಲ. ಟ್ಯಾಕ್ಸಿಗೆ ಐದು ದಿನಾರ್ ಕೊಟ್ಟು ತಂಗಿಯ ಮನೆಯಿರುವ ಮಾಹೂಝ್ ಬಡಾವಣೆ ತಲುಪಿದೆ. ತಂಗಿ ಸುಮತಿ, ಸಲ್ಮಾನಿಯಾದ ಆಸ್ಪತ್ರೆಯಲ್ಲಿ ನರ್ಸ್, ಹಮ್ಮೂರ್ ಮೀನಿನ ಗಸಿ ಮಾಡಿಟ್ಟಿದ್ದಳು. ತಂಗಿಯ ಮೇಲಿನ ಮಮತೆಯಿಂದ ಬಂದೆನೆಂದು ಭಾವನಿಗೆ ಹೇಳಿದೆ. ನಿಜಕ್ಕೂ ಬಂದದ್ದು ಎದುರಿನ ಕಟ್ಟಡದಲ್ಲಿ, ತಮ್ಮ ಮಗಳ ಮನೆಯಲ್ಲಿದ್ದ ಬ್ರಿಟಿಷ್ ನಟ ಆರ್ಥರ್ ಸಾಹೇಬರಿಗಾಗಿ.

ಫ್ರೆಂಚ್ ಚಿತ್ರಗಳಿಗೆ ಇಂಗ್ಲಿಷ್ ಗೂಢಚಾರನೋ ದಾರಿ ತಪ್ಪಿದ ಪ್ರವಾಸಿಯೋ ಬೇಕಾದಾಗ ಇವರೇ. ಅಲ್ಲಿನ ಚಿತ್ರಗಳಿಗೆ ಇಂಟರ್ವಲ್ ಇಲ್ಲ. ಇದ್ದಿದ್ದರೆ ಇವರ ಪಾತ್ರ ಅದಕ್ಕೂ ಮೊದಲೇ ಸಾಯುತ್ತಿತ್ತು. ಪಾತ್ರ ಸಣ್ಣದು, ದನಿ ಮಾತ್ರ ತಾಮ್ರದ ಹಂಡೆ. ಉಡುಪಿಯ ನಮ್ಮ ಫಿಲ್ಮ್ ಸೊಸೈಟಿಯಲ್ಲಿ ಆ ದನಿಗೆ ನಾನು ಭಕ್ತನಾಗಿದ್ದೆ.

ಮರುದಿನ ಬೆಳಿಗ್ಗೆ ಸುಮತಿಯೂ ನಾನೂ ಚಕ್ಕುಲಿ ಹಿಡಿದು ಹೋದೆವು. ಬಾಗಿಲು ತೆರೆದವರು ಸಾಹೇಬರೇ. "ಬನ್ನಿ" ಎಂದರು. ನಾನು ಅವರ ಹಿಂದೆ ಇಣುಕಿದೆ, ಮಾತಾಡಿದ ಹೆಂಗಸು ಎಲ್ಲಿ ಎಂದು. ಯಾರೂ ಇರಲಿಲ್ಲ. ಅಷ್ಟು ಕೀರಲು ದನಿ ಅವರದೇ.

"ನನಗೆ ಫ್ರೆಂಚ್ ಬರುವುದಿಲ್ಲ," ಎಂದು ನನ್ನ ಬೆರಗು ಕಂಡು, ಒಳಗೆ ಕೂರಿಸಿ ಇಂಗ್ಲಿಷಿನಲ್ಲಿ ತಣ್ಣಗೆ ಹೇಳಿದರು. "ಸಾಲು ಬಾಯಿಪಾಠ ಮಾಡಿ ತುಟಿ ಆಡಿಸುತ್ತಿದ್ದೆ. ಆಮೇಲೆ ಪ್ಯಾರಿಸ್ಸಿನ ಸ್ಟುಡಿಯೊದಲ್ಲಿ ರೆನೆ ಎಂಬವನು ನನ್ನ ಪಾತ್ರಕ್ಕೆ ದನಿ ಕೊಡುತ್ತಿದ್ದ. ಎಲ್ಲ ಚಿತ್ರಕ್ಕೂ ಅವನೇ. ಇವತ್ತು ಸಂಜೆ ಇಲ್ಲಿನ ಫ್ರೆಂಚ್ ಚಿತ್ರಗಳ ಅಭಿಮಾನಿ ಸಂಘದವರಿಂದ ನನಗೆ ಸನ್ಮಾನ, ಫ್ರೆಂಚಿನಲ್ಲಿ ಭಾಷಣ ಮಾಡಬೇಕಂತೆ. ಮುಂದಿನ ಸಾಲಲ್ಲಿ ಮಗಳು ಕೂತಿರುತ್ತಾಳೆ. ಅವಳಿಗೂ ಇದು ಗೊತ್ತಿಲ್ಲ."

ನಾನು ಕುಳಿತಲ್ಲೇ ಕಲ್ಲಾದೆ.

"ಎಂತ ಅಣ್ಣ, ಬಿಪಿ ನೋಡ್ಲಾ?" ಎಂದಳು ಸುಮತಿ. "ನಮ್ಮ ಕನ್ನಡ ಸಿನೆಮಾದಲ್ಲಿ ಮುಂಬೈ ಹೀರೋಯಿನ್‌ಗಳು ಡೈಲಾಗ್ ಬದಲು ಒನ್ ಟೂ ತ್ರೀ ಅಂತ ಅಳುದಿಲ್ವಾ? ಅದಕ್ಕೆ ನಿಮಗೆ ಶಾಕ್ ಆಗುದಿಲ್ಲ!" ಮತ್ತೆ ಸಾಹೇಬರಿಗೆ, ಗಂಟಲುನೋವೆಂದು ಹೇಳಿ ತಪ್ಪಿಸಿಕೊಳ್ಳಲು ಇಂಗ್ಲಿಷಿನಲ್ಲಿ ವೈದ್ಯಕೀಯ ಸಲಹೆ ಕೊಟ್ಟಳು. ಸಾಹೇಬರು ಚಕ್ಕುಲಿ ಮುರಿದು ಬಾಯಿಗೆ ಹಾಕಿಕೊಂಡರು.

ಸಂಜೆ ಡಿಪ್ಲೊಮ್ಯಾಟಿಕ್ ಏರಿಯಾದ ಹೋಟೆಲ್ಲೊಂದರ ಸಭಾಂಗಣ. ಸಾಹೇಬರು ಸಾಯುವ ದೃಶ್ಯವೊಂದನ್ನು ಪರದೆಯ ಮೇಲೆ ತೋರಿಸಿದರು, ಹಂಡೆ ಮೊಳಗಿತು, ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಸಾಹೇಬರು ಮೈಕ್ ಹಿಡಿದು ಮಗಳನ್ನೇ ನೋಡಿದರು.

"ನೀವು ಕೇಳಿದ್ದು ರೆನೆಯ ದನಿ. ಅವನು ಈಗಿಲ್ಲ. ಚಪ್ಪಾಳೆ ಅವನಿಗೆ ಸಲ್ಲಬೇಕು."

ಆ ಕೀರಲು ಇಂಗ್ಲಿಷಿಗೆ ಸಭೆಯವರು ಒಮ್ಮೆ ಪರದೆಯತ್ತ, ಒಮ್ಮೆ ಅವರತ್ತ ತಿರುಗಿ ನೋಡಿದರು. ಶಾಲು ಹಿಡಿದ ಸಂಘಟಕರು ಅದನ್ನು ಯಾರಿಗೆ ಹೊದಿಸಬೇಕೆಂದು ತಿಳಿಯದೆ ತಮ್ಮ ಎದೆಗೇ ಒತ್ತಿಕೊಂಡರು. ಮಗಳು ಎದ್ದಳು. ಹೊರಗೆ ಹೋಗುತ್ತಾಳೆಂದುಕೊಂಡೆ, ವೇದಿಕೆ ಹತ್ತಿದಳು.

"ಚಿಕ್ಕವಳಿದ್ದಾಗ ನೀವು ಟೀವಿಯಲ್ಲಿ ಬಾಯಿ ತೆರೆದ ಕೂಡಲೇ ಹೆದರಿ ಅಳುತ್ತಿದ್ದೆ, ಡ್ಯಾಡಿ," ಎಂದಳು. "ನಿಮ್ಮೊಳಗೆ ಬೇರೆ ಯಾರೋ ಇದ್ದಾರೆ ಅಂತ. ಅದು ಡ್ಯಾಡಿಯದೇ ದನಿ ಅಂತ ಅಮ್ಮ ನನ್ನನ್ನು ಗದರುತ್ತಿದ್ದಳು."

ಹಿಂದಿರುಗುವ ದಿನ ಟ್ಯಾಕ್ಸಿ ಹತ್ತಿದಾಗ ಸಾಹೇಬರು ಮಗಳೊಂದಿಗೆ ಬಾಲ್ಕನಿಯಲ್ಲಿ ನಿಂತಿದ್ದರು. ಕೈಬೀಸಿ ಏನೋ ಹೇಳಿದರು. ಗಾಜಿನಾಚೆ ತುಟಿ ಆಡಿದ್ದಷ್ಟೇ ಕಂಡಿತು. ಚಾಲಕನಿಗೆ ನಿಲ್ಲಿಸು ಎಂದು ಕಿಟಕಿ ಇಳಿಸಿದೆ.