ಟಿಕೆಟ್ ಶರಣಮ್ಮ

ಸಿನಿಮಾ ಮುಗಿದು ಎಲ್ಲರೂ ಬಾಗಿಲ ಕಡೆ ನುಗ್ಗುವಾಗ ಶರಣಮ್ಮ ಟೀಚರ್ ಮಾತ್ರ ಎದ್ದು ನಿಂತು ಪರದೆಯ ಮೇಲಿನ ಹೆಸರುಗಳನ್ನು ಗಟ್ಟಿಯಾಗಿ ಓದುತ್ತಿದ್ದರು. ಬಟ್ಟೆ ಹೊಲಿದವರು, ದೀಪ ಹಿಡಿದವರು, ಯಾರನ್ನೂ ಬಿಡುತ್ತಿರಲಿಲ್ಲ. ಬಾಗಿಲು ಕಾಯುವವನು ಗೊಣಗಿದರೆ, "ಉಂಡ ಮ್ಯಾಲ ಅಡಗಿ ಮಾಡ್ದಾಕಿ ಹೆಸರು ಕೇಳಲಾರ್ದ ಎದ್ದು ಹೋಗ್ತೀರೇನ್ರಿ?" ಎನ್ನುತ್ತಿದ್ದರು. ಶಹಾಪುರದ ಹೆಣ್ಣುಮಕ್ಕಳ ಶಾಲೆಯಲ್ಲಿ ನಾವಿಬ್ಬರೂ ಒಟ್ಟಿಗೆ ಪಾಠ ಮಾಡುತ್ತಿದ್ದೆವು. ಟಿಕೆಟ್ ಕೊಳ್ಳದೆ ಯಾವ ಸಿನಿಮಾವನ್ನೂ ನೋಡದ ಅವರನ್ನು ಬೆನ್ನ ಹಿಂದೆ ಎಲ್ಲರೂ ಟಿಕೆಟ್ ಶರಣಮ್ಮ ಎನ್ನುತ್ತಿದ್ದರು, ನಾನೂ ಅಂದಿದ್ದೇನೆ.

ಕಳ್ಳ ಸಿ.ಡಿ. ಕಂಡರೆ ಅವರಿಗೆ ಮೈಯೆಲ್ಲ ಉರಿ. ಅವರ ಎರಡೆಕರೆ ಹೊಲ ಕಾಲುವೆಯ ಕೊನೆಯಲ್ಲಿತ್ತು. ಮೇಲಿನವರು ಕದ್ದು ಪೈಪು ಇಳಿಬಿಟ್ಟು ನೀರೆಳೆದುಕೊಂಡರೆ ಇವರಿಗೆ ಬರೀ ಕೆಸರು. "ಸಿ.ಡಿ.ನೂ ಅದೇ ಪೈಪ್ ನೋಡವ್ವ. ಸಿನಿಮಾ ಮಾಡ್ದವ್ರಿಗಿ ಏನು ಮುಟ್ಟತದ?" ಎಂದು ನನ್ನನ್ನೇ ಗದರುತ್ತಿದ್ದರು.

ಒಮ್ಮೆ ಊರ ಟಾಕೀಸಿಗೆ ಹೆಣ್ಣುಮಗಳೊಬ್ಬಳು ನಿರ್ದೇಶಿಸಿದ ಸಿನಿಮಾ ಬಂತು. ಸತ್ತ ಗಂಡನ ಹೊಲಕ್ಕಾಗಿ ಕಚೇರಿ ಅಲೆಯುವ ಕೂಲಿ ಹೆಂಗಸಿನ ಕತೆ. ಜನವಿಲ್ಲವೆಂದು ಮಾಲೀಕ ಶನಿವಾರವೇ ಎತ್ತಲು ಹೊರಟ. ಶರಣಮ್ಮ ಕೈಕಾಲು ಹಿಡಿದು ಭಾನುವಾರದ ಮ್ಯಾಟಿನಿ ಉಳಿಸಿಕೊಂಡರು. ಪಕ್ಕದ ಹಳ್ಳಿಯ ಭತ್ತದ ನಾಟಿ ಹೆಂಗಸರಿಗೆ ಬಿಡುವಿದ್ದದ್ದು ಅಂದೇ. ಅವರಿಗೆಂದು ಟೆಂಪೋ ಗೊತ್ತುಮಾಡಿ, ಅವರನ್ನು ಬಿಟ್ಟು ತಾವೊಬ್ಬರೇ ನೋಡಲು ಮನಸ್ಸಾಗದೆ ಕಾದರು.

ಶನಿವಾರ ಸಂಜೆ ಕೇಬಲ್‌ನವನು ಅದೇ ಸಿನಿಮಾದ ಕಳ್ಳ ಸಿ.ಡಿ. ಹಾಕಿದ. ಶರಣಮ್ಮನ ಮನೆಯಲ್ಲಿ ಕೇಬಲ್ ಇರಲಿಲ್ಲ. ನಾನು ಚಹಾ ಕುಡಿಯುತ್ತ ಕೊನೆಯವರೆಗೂ ನೋಡಿದೆ. ಮರುದಿನ ಅವರ ಜೊತೆ ಟಾಕೀಸಿಗೆ ಹೋದಾಗಲೂ ಹೇಳುವ ಧೈರ್ಯವಾಗಲಿಲ್ಲ.

ಟೆಂಪೋ ಖಾಲಿ ಬಂತು. "ನಿನ್ನೀನೇ ಕೇಬಲ್‌ದಾಗ ನೋಡೀವ್ರಿ, ಭಾಳ ಚಲೋ ಅದ. ಮತ್ತ್ಯಾಕ ಟಿಕೇಟು?" ಎಂದು ಹೆಂಗಸರು ಹೇಳಿಕಳಿಸಿದ್ದರು. ಇಬ್ಬರಿಗಾಗಿ ಆಟ ಹಾಕುವುದಿಲ್ಲವೆಂದು ಮಾಲೀಕ ಬಾಗಿಲು ಮುಚ್ಚಿದ. ಶರಣಮ್ಮ ನನ್ನನ್ನು ದಿಟ್ಟಿಸಿದರು.

"ನೀನೂ ನೋಡಿಯೇನು?"

ನಾನು ತಲೆ ತಗ್ಗಿಸಿದೆ.

"ಆಕಿ ಇನ್ನೊಂದು ಸಿನಿಮಾ ಹ್ಯಾಂಗ ಮಾಡಬೇಕು?" ಎಂದಷ್ಟೇ ಅಂದರು. ನನ್ನ ಮೇಲೆ ನನಗೆ ಈಗಲೂ ಸಿಟ್ಟು ಬರುತ್ತದೆ.

ಸುರಪುರ, ಯಾದಗಿರಿಯ ಟಾಕೀಸುಗಳಲ್ಲೆಲ್ಲ ಅವರು ವಿಚಾರಿಸಿ ಬಂದರು. ಸಿನಿಮಾ ಮತ್ತೆ ಈ ಕಡೆ ಬರಲಿಲ್ಲ. ಆ ನಿರ್ದೇಶಕಿಯ ಹೆಸರೂ ಮತ್ತೆ ಕೇಳಿಬರಲಿಲ್ಲ.

ವರ್ಷಗಳ ನಂತರ ಶರಣಮ್ಮ ಕಾಯಿಲೆ ಬಿದ್ದು ಯಾದಗಿರಿಯ ಆಸ್ಪತ್ರೆ ಸೇರಿದ್ದರು. ನೋಡಲು ಹೋದಾಗ ತಡೆಯಲಾರದೆ ಆ ಸಿನಿಮಾದ ಕೊನೆ ಹೇಳಲು ಬಾಯಿ ತೆರೆದೆ. ಅವರು ಕೈ ಅಡ್ಡ ಹಿಡಿದರು.

"ಬ್ಯಾಡ. ಟಿಕೇಟ್ ತಗೊಂಡೇ ನೋಡ್ತೀನಿ."

ಆ ವಾರವೇ ತೀರಿಕೊಂಡರು. ಸಿನಿಮಾದ ಹೆಂಗಸಿಗೆ ಹೊಲ ಸಿಕ್ಕಿತ್ತು. ಅದು ಗೊತ್ತಿರುವುದು ಬಿಟ್ಟಿ ನೋಡಿದ ನನಗೆ.