ಮ್ಯಾನೇಜರ ಅತ್ತೆಯ ರವಿಕೆ

ಹೊನ್ನಕ್ಕ ಅಳತೆಗೆ ಬಂದ ಹಳೆಯ ರವಿಕೆಯನ್ನು ಒಳಗು ಹೊರಗು ಮಾಡಿ ಕಿಟಕಿಯ ಬೆಳಕಿಗೆ ಹಿಡಿದಳು. ಅವಳು ಕೊಪ್ಪದ ಪೇಟೆಯಲ್ಲಿ ಹೊಲಿಗೆ ಯಂತ್ರ ಇಟ್ಟು ಹದಿನಾರು ವರ್ಷವಾಗಿತ್ತು. ಬಸರೀಕಟ್ಟೆ ಕಡೆಯ ಎಸ್ಟೇಟಿನ ಹೆಂಗಸರು ಅಳತೆ ಕೊಡಲು ಅಷ್ಟು ದೂರ ಬರುತ್ತಿರಲಿಲ್ಲ. ಹಳೆಯ ರವಿಕೆಯೊಂದನ್ನು ಹೊಸ ಬಟ್ಟೆಯಲ್ಲಿ ಸುತ್ತಿ, ಹೆಸರಿನ ಚೀಟಿ ಸಿಕ್ಕಿಸಿ ಜೀಪಿನಲ್ಲಿ ಕಳಿಸುತ್ತಿದ್ದರು. ಜೀಪು ಓಡಿಸುತ್ತಿದ್ದವನು ಅವಳ ಗಂಡ ವೀರಪ್ಪ.

1983ರ ಡಿಸೆಂಬರಿನ ಆ ಬೆಳಿಗ್ಗೆ ಅವನು ತಂದ ಗಂಟಿನಲ್ಲಿ ಚೀಟಿ ಇರಲಿಲ್ಲ.

“ಯಾರದ್ದು ಮಾರಾಯ್ರೆ ಇದು?”

“ಎಸ್ಟೇಟ್ ಮ್ಯಾನೇಜರ ಅತ್ತೆದು. ಅರ್ಜೆಂಟಂತೆ.”

ಎದೆ ಸುತ್ತಳತೆ ಮೂವತ್ತು ಇಂಚು. ಎಡ ಹೆಗಲಿನ ಹೊಲಿಗೆ ಕಾಫಿ ಕುಯ್ಯುವ ಚೀಲದ ಹಗ್ಗ ಉಜ್ಜಿ ಸವೆದಿತ್ತು.

“ಅತ್ತೆಮ್ಮ ಕಾಫಿ ಕುಯ್ಲಿಗೂ ಹೋಗ್ತಾರಾ?”

ವೀರಪ್ಪನಿಗೆ ಜೀಪಿಗೆ ನೀರು ಹಾಕುವುದು ನೆನಪಾಯಿತು. ಅವನು ಹೊರಗೆ ಹೋದ ಮೇಲೆ ಹೊನ್ನಕ್ಕ ಹೊಸ ಬಟ್ಟೆ ಬಿಡಿಸಿದಳು. ನೀಲಿಯ ಮೇಲೆ ಹಳದಿ ಚುಕ್ಕಿ. ದೀಪಾವಳಿಗೆ ಅವನು ಅವಳಿಗೆ ತಂದುಕೊಟ್ಟದ್ದೂ ಇದೇ ಬಟ್ಟೆ. ಅಂಗಡಿಯಲ್ಲಿ ಉಳಿದಿದ್ದದ್ದೇ ಒಂದು ತುಂಡು ಅಂದಿದ್ದ.

ಆ ದಿನ ಅವಳು ಮೂರು ರವಿಕೆಗಳಿಗೆ ಎಡದ ತೋಳನ್ನು ಬಲಕ್ಕೆ, ಬಲದ್ದನ್ನು ಎಡಕ್ಕೆ ಹೊಲಿದಳು. ಹುಕ್ಕು ಹಚ್ಚಿಕೊಡಲು ಬರುತ್ತಿದ್ದ ಪಕ್ಕದ ಮನೆಯ ಬೀಬಿ ಜಾನ್ ಅವನ್ನು ಬಿಚ್ಚುತ್ತ ಕೂತಳು. ಸಂಜೆಗೆ ವಿಷಯವೆಲ್ಲ ಬಾಯಿಬಿಡಿಸಿ ಕೇಳಿದಳು: “ಇಟ್ಕೊಳ್ತೀಯಾ, ಬಿಡ್ತೀಯಾ ಗಂಡನ್ನ?”

“ಅವಳನ್ನೊಂದ್ಸಲ ನೋಡಿ ಹೇಳ್ತೇನೆ.”

ಮರುದಿನ ಹೊನ್ನಕ್ಕ ಹೊಲಿದ ರವಿಕೆ ಹಿಡಿದು ಜೀಪಿನ ಮುಂದಿನ ಸೀಟು ಹತ್ತಿದಳು. ಹಿಂದೆ ಹದಿಮೂರು ಜನ.

“ನೀನೆಲ್ಲಿಗೆ ಮಾರಾಯ್ತಿ?”

“ಅತ್ತೆಮ್ಮಂಗೆ ತೋಳು ಬಿಗಿ ಆಗ್ತದೋ ಏನೋ, ನೋಡಿ ಬರ್ತೇನೆ.”

ಹಿಂದೆ ಯಾರೋ ಕೆಮ್ಮಿದರು. ಎಸ್ಟೇಟಿನ ಗೇಟಿನಲ್ಲಿ ಇಳಿದಾಗ ಜೀಪಿನಲ್ಲಿ ಜೊತೆಗೆ ಬಂದಿದ್ದ ಮುದುಕಿಯೊಬ್ಬಳು ಕೂಲಿಯವರ ಲೈನ್ ಮನೆಗಳ ಕಡೆ ಕೈ ತೋರಿಸಿ, “ಅತ್ತೆಮ್ಮನ ಮನೆ ಮೂರನೇ ಬಾಗ್ಲು” ಅಂದಳು.

ಬಾಗಿಲಿಗೆ ಬಂದವಳ ಹೆಸರು ಕಮಲಕ್ಕ, ವಯಸ್ಸು ಮೂವತ್ತು ದಾಟಿರಲಿಲ್ಲ. ಹೊನ್ನಕ್ಕ ತಾನು ಯಾರೆಂದು ಹೇಳಿದಳು. ಕಮಲಕ್ಕ ಹಿಂದೆಯೇ ಬಂದು ನಿಂತಿದ್ದ ವೀರಪ್ಪನ ಕಡೆ ತಿರುಗಿದಳು.

“ಹೆಂಡ್ತಿ ತವರಿಗೆ ಹೋದೋಳು ಬರ್ಲೇ ಇಲ್ಲ ಅಂದಿದ್ರಲ್ಲ?”

“ಬಂದೆ ನೋಡು, ಈಗಷ್ಟೇ,” ಎಂದಳು ಹೊನ್ನಕ್ಕ.

“ನಂಗೆ ಈ ರವಿಕೆ ಬ್ಯಾಡ ಅಕ್ಕ.”

“ಹಾಕ್ಕೊಂಡು ಬಾರೆ. ನನ್ನ ಹೊಲಿಗೆ ಹೆಸರು ಕೆಡಬಾರ್ದು.”

ರವಿಕೆ ಎಲ್ಲೂ ಸುಕ್ಕಿಲ್ಲದೆ ಕೂತಿತ್ತು.

“ಮ್ಯಾನೇಜರ ಅತ್ತೆಗೆ ಹೇಳಿ ಮಾಡಿಸಿದ ಹಾಗಿದೆ.”

“ಯಾವ ಅತ್ತೆ ಅಕ್ಕ? ಮ್ಯಾನೇಜರಿಗೆ ಮದುವೇನೇ ಆಗಿಲ್ಲ!”

ಹೊನ್ನಕ್ಕನಿಗೆ ನಗು ತಡೆಯಲಾಗಲಿಲ್ಲ. ಕಮಲಕ್ಕ ಬಾಗಿಲ ಚೌಕಟ್ಟು ಹಿಡಿದುಕೊಂಡು ನಕ್ಕಳು. ಗೇಟಿನಿಂದ ಹಿಂದೆಯೇ ಬಂದಿದ್ದವರೂ ನಕ್ಕರು. ವೀರಪ್ಪನೂ ನಗಲು ನೋಡಿದ, ಅವನ ಜೊತೆ ಯಾರೂ ನಗಲಿಲ್ಲ. ಹಿಂದಿನ ದಿನದಿಂದ ಎದೆಯ ಮೇಲೆ ಕೂತಿದ್ದ ಭಾರ ಇಳಿದದ್ದು ಹೊನ್ನಕ್ಕನಿಗೆ ಅಲ್ಲೇ ತಿಳಿಯಿತು.

ಮರಳುವಾಗ ಅವಳು ಹಿಂದಿನ ಸೀಟಿನಲ್ಲಿ ಜನರ ನಡುವೆ ಕೂತು, ಕೊಪ್ಪದವರೆಗೂ ಹರಟುತ್ತ ಬಂದಳು. ಮನೆ ಮುಂದೆ ಇಳಿದು ಕೈ ಚಾಚಿದಳು.

“ಮನೆ ಕೀಲಿ ಕೊಡಿ.”

“ಒಂದ್ಸಲ ತಪ್ಪಾಯ್ತು ಮಾರಾಯ್ತಿ.”

“ಆಯ್ತು. ಕೀಲಿ ಕೊಡಿ.”

ಭಾನುವಾರ ವೀರಪ್ಪನ ಹಾಸಿಗೆಯೂ ಟ್ರಂಕೂ ಬಸ್ಸಿನ ಟಾಪಿನ ಮೇಲೆ ನರಸಿಂಹರಾಜಪುರದ ಅವನ ಅಣ್ಣನ ಮನೆಗೆ ಹೋದವು.